ಹೋಳಿಗೆಯೊಳಗೆ ಹೋಳಿ ಇದೆಯಾ? ರಾಯಚೂರಿನಲ್ಲಿ ಪ್ರೈಮಿಂಗ್ ಮಾಡಿ ನೋಡಿದ ಅನುಭವ

ಓದುವಾಗ ಮನಸ್ಸು ಪದದಿಂದ ಪ್ರತ್ಯಯ ಕಳಚುತ್ತದೆಯೇ ಅಂತ ನೋಡಲು ಒಂದು ಪ್ರಯೋಗ ಇದೆ. ಕಣ್ಣಿಗೆ ಕಾಣದಷ್ಟು ಬೇಗ ಒಂದು ಪದ (ಪ್ರೈಮ್) ಮಿಂಚಿಸಿ, ಆಮೇಲೆ ಬರುವ ಪದ (ಟಾರ್ಗೆಟ್) ನಿಜವಾದದ್ದೋ ಸುಳ್ಳೋ ಅಂತ ಗುಂಡಿ ಒತ್ತಿಸುವುದು. ಈ ಮಾಸ್ಕ್ಡ್ ಪ್ರೈಮಿಂಗ್‌ಗೆ ಸದ್ದಿಲ್ಲದ ಕೋಣೆ ಬೇಕು, ದುಬಾರಿ ಮಾನಿಟರ್ ಬೇಕು, ಒತ್ತಿದ ಕ್ಷಣವನ್ನು ಕರಾರುವಾಕ್ಕಾಗಿ ಹಿಡಿಯುವ ಬಟನ್ ಬಾಕ್ಸ್ ಬೇಕು ಅಂತ ಹೇಳಿದವರು ಬಹಳ ಜನ. 'ಮರದಲ್ಲಿ' ಅನ್ನುವುದನ್ನು 50 ಮಿಲಿಸೆಕೆಂಡ್ ತೋರಿಸಿ, ಮರೆಮಾಡಿ, ಆಮೇಲೆ 'ಮರ' ತೋರಿಸಿದರೆ ಓದುಗ ಬೇಗ ಗುಂಡಿ ಒತ್ತುತ್ತಾನೆ. ನಮ್ಮ ಕಾಲೇಜಿನ ಸ್ಟೋರ್ ರೂಮಿನಲ್ಲೂ ಒತ್ತಿದ. ಮುರಿದ ಬೆಂಚುಗಳ ನಡುವೆ, ಸೆಕೆಂಡ್ ಹ್ಯಾಂಡ್ ಲ್ಯಾಪ್‌ಟಾಪಿನಲ್ಲಿ, ರಾಯಚೂರಿನ ಏಪ್ರಿಲ್ ಬಿಸಿಲಿನಲ್ಲಿ.

"ಮಿಲಿಸೆಕೆಂಡ್ ಲೆಕ್ಕ ನಿಮ್ಮ ಊರಲ್ಲಿ ಆಗೋ ಕೆಲಸ ಅಲ್ಲ, ಸುಮ್ನೆ ಪ್ರಶ್ನಾವಳಿ ಹಂಚಿಬಿಡಿ" ಅಂತ ಹಿರಿಯರೊಬ್ಬರು ಫೋನಿನಲ್ಲೇ ಹೇಳಿದ್ದರು. ಹಣ ಕೇಳಿದ ಕಡೆಯಿಂದ ಅರ್ಜಿ ವಾಪಸ್ ಬಂತು. ಹಾಗಾಗಿ ಖರ್ಚು ನನ್ನದೇ. ಲ್ಯಾಪ್‌ಟಾಪಿಗೆ 14 ಸಾವಿರದ ಆಸುಪಾಸು, ವೈರ್ ಇರುವ ಕೀಬೋರ್ಡಿಗೆ 400, ಕಿಟಕಿಗೆ ಕಪ್ಪು ಬಟ್ಟೆ, ಒಂದು ಟೇಬಲ್ ಫ್ಯಾನ್. ಬಂದ ಹುಡುಗ ಹುಡುಗಿಯರಿಗೆ ಒಗ್ಗರಣಿ ಮಿರ್ಚಿ, ಚಹಾ. ಈ ಮಿರ್ಚಿ ಲೆಕ್ಕ ಫ್ಯಾನಿನ ಲೆಕ್ಕವನ್ನು ಯಾವಾಗ ದಾಟಿತೋ ಗೊತ್ತೇ ಆಗಲಿಲ್ಲ. ಒಟ್ಟು 25 ಸಾವಿರ ಹಿಡಿದಿರಬೇಕು.

ಮೊದಲು ಕಾಲೇಜಿನ ಕಂಪ್ಯೂಟರ್ ಲ್ಯಾಬಿನಲ್ಲಿ ಪುಕ್ಕಟೆ ಮಾಡಲು ಹೋಗಿದ್ದೆ. ಒಂದೊಂದು ಮಾನಿಟರ್ ಒಂದೊಂದು ಕಂಪನಿಯದು. ಟ್ರಯಲ್ ನಡುವೆ ಆಂಟಿವೈರಸ್ ಕಿಟಕಿ ಮೂಡುತ್ತದೆ. ಅದನ್ನು ಬಿಟ್ಟೆ.

ಇಂಗ್ಲಿಷಿನಲ್ಲಿ ಮಾಡುವವರಿಗೆ ಒಂದು ಸುಖ ಇದೆ. ಪ್ರೈಮ್ ಸಣ್ಣಕ್ಷರದಲ್ಲಿ, ಟಾರ್ಗೆಟ್ ದೊಡ್ಡಕ್ಷರದಲ್ಲಿ. 1984ರಲ್ಲಿ ಈ ವಿಧಾನಕ್ಕೆ ಇಂದಿನ ರೂಪ ಕೊಟ್ಟ ಸಂಶೋಧಕರಾದ ಫಾರ್‌ಸ್ಟರ್ ಮತ್ತು ಡೇವಿಸ್ ಕಾಲದಿಂದ ಅದೇ ಪದ್ಧತಿ. ನಮ್ಮಲ್ಲಿ ಆ ಭೇದ ಎಲ್ಲಿದೆ? ನಾನು ಗಾತ್ರ ಬದಲಿಸಿದೆ, ಫಾಂಟನ್ನೂ ಬದಲಿಸಿದೆ. ಆಮೇಲೆ ಒತ್ತಕ್ಷರದ ಕಾಟ. ಪ್ರಯೋಗದ ಸಾಫ್ಟ್‌ವೇರಿಗೆ ನೇರವಾಗಿ ಕನ್ನಡ ಕೊಟ್ಟರೆ ಒತ್ತು ಕೆಳಗೆ ಕೂರದೆ ಪಕ್ಕಕ್ಕೆ ಬಂದು ನಿಲ್ಲುತ್ತದೆ. 'ಅಲ್ಲಿ' ಅನ್ನುವುದು 'ಅಲ್‌ಲಿ' ಆಗುತ್ತದೆ. ಎಲ್ಲ ಪದಗಳನ್ನೂ ಚಿತ್ರವಾಗಿ ಉಳಿಸಿ ಚಿತ್ರವನ್ನೇ ತೋರಿಸಿದೆ. ಬೇಜಾರಿನ ಕೆಲಸ, ಆದರೆ ಒಮ್ಮೆ ಮುಗಿದರೆ ಮುಗೀತು.

ಪ್ರೈಮ್ ಕಾಣದಂತೆ ಮುಚ್ಚುವ ಮಾಸ್ಕ್ ಇನ್ನೂ ತಲೆ ತಿಂದಿತು. ಎಲ್ಲರೂ ಹಾಕುವ ##### ಸಾಲು ಕನ್ನಡ ಪದದ ಹೊಟ್ಟೆಯನ್ನಷ್ಟೇ ಮುಚ್ಚುತ್ತದೆ. ಮೇಲಿನ ಗುಡಿಸು, ಏತ್ವ ಹೊರಗೆ. ಕೆಳಗಿನ ಒತ್ತು ಹೊರಗೆ. ಕಣ್ಣು ಚುರುಕಾಗಿದ್ದವರು ಅಷ್ಟರಲ್ಲೇ ಪದ ಹಿಡಿದುಬಿಡುತ್ತಾರೆ. ಕೊನೆಗೆ ಕನ್ನಡ ಅಕ್ಷರಗಳನ್ನೇ ಕತ್ತರಿಸಿ, ಒಂದರ ಮೇಲೊಂದು ಹೇರಿ, ಎತ್ತರದ ಮಾಸ್ಕ್ ಮಾಡಿಕೊಂಡೆ. ಯಾವ ಅಕ್ಷರಗಳು, ಎಷ್ಟು ಪದರ ಅನ್ನುವುದು ಸದ್ಯಕ್ಕೆ ನನ್ನ ಹತ್ತಿರವೇ ಇರಲಿ.

ಇಷ್ಟಾದ ಮೇಲೂ ಕೆಲವರ ಫಲಿತಾಂಶ ಎಲ್ಲೆಲ್ಲೋ ಹೋಗುತ್ತಿತ್ತು. ಲಿಂಗಸುಗೂರು ಕಡೆಯ ಹುಡುಗನೊಬ್ಬ ಎದ್ದು ಹೋಗುವಾಗ ಹೇಳಿದ: "ಸರ್, ನಡುವ ಏನೋ ಒಂದು ಪದ ಮಿಂಚಿದಂಗ ಆಗ್ತಿತ್ತಲ್ರಿ." ಪ್ರೈಮ್ ಕಾಣಬಾರದು. ಕಂಡರೆ ಆಟ ಮುಗೀತು. ಅದಕ್ಕೂ ಮೊದಲು ಕೂತವರಿಗೆ ಏನೂ ಕಂಡಿರಲಿಲ್ಲ. ವ್ಯತ್ಯಾಸ ಏನು ಅಂದರೆ, ಅವನು ಕೂತಾಗ ಕರೆಂಟ್ ಇರಲಿಲ್ಲ. ಶಕ್ತಿನಗರದ ಉಷ್ಣ ಸ್ಥಾವರ ನಮ್ಮ ತಾಲ್ಲೂಕಿನಲ್ಲೇ ಇದೆ. ಇಡೀ ರಾಜ್ಯಕ್ಕೆ ಕರೆಂಟ್ ಕಳಿಸುತ್ತದೆ. ನಮ್ಮ ಸ್ಟೋರ್ ರೂಮಿಗೆ ಮಾತ್ರ ಮಧ್ಯಾಹ್ನ ಕತ್ತಲೆ.

ಫೋನಿನ ಸ್ಲೋ ಮೋಷನ್ ಕ್ಯಾಮೆರಾ ಪರದೆಗೆ ಹಿಡಿದೆ. ಫೋನ್ ಸೆಕೆಂಡಿಗೆ 240 ಫ್ರೇಮ್ ತೆಗೆಯುತ್ತದೆ. ಪರದೆ 60 ಹರ್ಟ್ಸ್ ಇದ್ದರೆ, ಅಂದರೆ ಸೆಕೆಂಡಿಗೆ 60 ಸಲ ಹೊಸ ಚಿತ್ರ ಬಿಡಿಸಿದರೆ, ಅದರ ಒಂದು ಫ್ರೇಮ್ ವಿಡಿಯೋದಲ್ಲಿ 4 ಫ್ರೇಮ್. ನನ್ನ ಪ್ರೈಮ್ 3 ಫ್ರೇಮಿನದು, ಹಾಗಾಗಿ 12 ಸಿಗಬೇಕು. ಕರೆಂಟ್ ಇದ್ದಾಗ 12 ಸಿಕ್ಕವು. ಚಾರ್ಜರ್ ಕಿತ್ತು ಎಣಿಸಿದರೆ 15! ಬ್ಯಾಟರಿ ಉಳಿಸಲು ಲ್ಯಾಪ್‌ಟಾಪ್ ತಾನಾಗಿಯೇ ಪರದೆಯನ್ನು 48 ಹರ್ಟ್ಸ್‌ಗೆ ಇಳಿಸುತ್ತಿತ್ತು. 50 ಮಿಲಿಸೆಕೆಂಡಿನ ಪ್ರೈಮ್ 62 ದಾಟುತ್ತಿತ್ತು. ಗ್ರಾಫಿಕ್ಸ್ ಸೆಟ್ಟಿಂಗಿನಲ್ಲಿ ಆ ಉಳಿತಾಯ ಆಫ್ ಮಾಡಿದೆ, ಒಂದು ಇನ್ವರ್ಟರ್ ಎರವಲು ತಂದೆ, ಕರೆಂಟ್ ಹೋದಾಗ ಕೂತವರ ದತ್ತಾಂಶ ಪೂರ್ತಿ ತೆಗೆದೆ. ಹತ್ತು ಹನ್ನೆರಡು ಜನರ ಮಿರ್ಚಿ ನೀರಲ್ಲಿ ಹೋಮ. ಬಟನ್ ಬಾಕ್ಸ್ ಇಲ್ಲದ್ದು ಇದರ ಮುಂದೆ ಏನೂ ಅಲ್ಲ. ಕೀಬೋರ್ಡ್ ಮಾಡುವ ತಡ ಎಲ್ಲ ಬಗೆಯ ಪ್ರೈಮ್‌ಗೂ ಒಂದೇ. ಅದರ ಏರುಪೇರು, ಟ್ರಯಲ್ ಜಾಸ್ತಿ ಇದ್ದರೆ ಸರಾಸರಿಯಲ್ಲಿ ಕರಗಿಹೋಗುತ್ತದೆ.

ಪದಪಟ್ಟಿಯ ತಂಟೆ ಬೇರೆ. ಮಲೆನಾಡಿನ ಗೆಳೆಯರೊಬ್ಬರು ತಾವು ಮಾಡಿದ ಸುಳ್ಳು ಪದಗಳ ಪಟ್ಟಿ ಕೊಟ್ಟರು. ಅದರಲ್ಲಿ 'ಪಾಮು' ಇತ್ತು. ನಮ್ಮ ಹುಡುಗರೆಲ್ಲ 'ನಿಜ ಪದ' ಅನ್ನುವ ಹಸಿರು ಗುಂಡಿ ಒತ್ತಿದರು. ಒತ್ತದೆ ಏನು ಮಾಡ್ತಾರೆ? ತೆಲುಗಿನಲ್ಲಿ ಅದು ಹಾವು, ಆಂಧ್ರ ತೆಲಂಗಾಣದ ಗಡಿ ಇಲ್ಲೇ ಪಕ್ಕದಲ್ಲಿ. ಮನೆಯಲ್ಲಿ ತೆಲುಗು, ಗಲ್ಲಿಯಲ್ಲಿ ದಖನಿ ಉರ್ದು, ಕಾಲೇಜಿನಲ್ಲಿ ಕನ್ನಡ ಅನ್ನುವವರು ನಮ್ಮಲ್ಲಿ ಸಾಮಾನ್ಯ. ಸುಳ್ಳು ಪದಗಳನ್ನು ಮೂರೂ ಭಾಷೆ ಬಲ್ಲವರ ಎದುರು ಓದಿಸಿ ಸೋಸಿದೆ. ಪದ ಎಷ್ಟು ಬಳಕೆಯದು ಅನ್ನುವುದಕ್ಕೂ ಪತ್ರಿಕೆಗಳ ಎಣಿಕೆ ನಂಬಲಿಲ್ಲ. ಪತ್ರಿಕೆಯಲ್ಲಿ 'ಸಚಿವ' ಮೇಲೆ, 'ಮಣೆ' ಪಾತಾಳದಲ್ಲಿ. ಬೇರೊಂದು ತರಗತಿಯವರಿಂದ 1ರಿಂದ 7ರವರೆಗೆ ಅಂಕ ಹಾಕಿಸಿದೆ.

ಈಗ ಫಲಿತಾಂಶ. ನಲವತ್ತು ಚಿಲ್ಲರೆ ಜನ ಉಳಿದರು. 'ಮರದಲ್ಲಿ' ಬಂದು 'ಮರ' ಬಂದರೆ, ಸಂಬಂಧವಿಲ್ಲದ ಪದ ಬಂದದ್ದಕ್ಕಿಂತ 35 ಮಿಲಿಸೆಕೆಂಡ್‌ನಷ್ಟು ಬೇಗ. 'ಮರಳು' ಬಂದು 'ಮರ', 'ಹಸುರು' ಬಂದು 'ಹಸು', 'ಕೈದಿ' ಬಂದು 'ಕೈ' ಇಂಥವಕ್ಕೆ ಐದಾರು, ಅಂದರೆ ಇಲ್ಲ ಅಂತಲೇ ಇಟ್ಟುಕೊಳ್ಳಿ. ಅಕ್ಷರ ಹೋಲಿದ್ದಕ್ಕೆ ಲಾಭ ಇಲ್ಲ, ಪ್ರತ್ಯಯ ಕಳಚಿದ್ದಕ್ಕೆ ಇದೆ. ನನಗೆ ಇದಕ್ಕಿಂತ ಖುಷಿ ಕೊಟ್ಟದ್ದು 'ಊರಲ್ಲಿ'. ಅದರೊಳಗೆ 'ಊರು' ಇಡಿಯಾಗಿ ಕಾಣುವುದೇ ಇಲ್ಲ. ಉಕಾರ ಲೋಪವಾಗಿದೆ, ಕಣ್ಣಿಗೆ ಬೀಳುವುದು 'ಊರ'. ಆದರೂ ಲಾಭ ಹೆಚ್ಚೂ ಕಡಿಮೆ ಅಷ್ಟೇ. ಆದೇಶ ಸಂಧಿಯನ್ನೂ ಮುಟ್ಟಿದೆ, 'ಮಳೆಗಾಲ' ತೋರಿಸಿ 'ಕಾಲ' ಕೇಳಿದೆ. ಒಮ್ಮೆ ಬಂತು, ಇನ್ನೊಮ್ಮೆ ಬರಲಿಲ್ಲ.

ಇನ್ನು ಹೋಳಿಗೆ. 2004ರಲ್ಲಿ ರಾಸ್ಟಲ್, ಡೇವಿಸ್, ನ್ಯೂ ಅನ್ನುವ ಸಂಶೋಧಕರು ಇಂಗ್ಲಿಷಿನಲ್ಲಿ ಇದನ್ನು ಮಾಡಿ ನೋಡಿದ್ದರು. 'ಕಾರ್ನರ್' ತೋರಿಸಿದರೆ 'ಕಾರ್ನ್' ಚುರುಕಾಗುತ್ತದೆ, ಅರ್ಥದ ಸಂಬಂಧ ಇಲ್ಲದಿದ್ದರೂ, ಯಾಕೆಂದರೆ 'ಅರ್' ಪ್ರತ್ಯಯದಂತೆ ಕಾಣುತ್ತದೆ. 'ಬ್ರಾಥೆಲ್' ತೋರಿಸಿದರೆ 'ಬ್ರಾಥ್' ಚುರುಕಾಗುವುದಿಲ್ಲ, ಯಾಕೆಂದರೆ 'ಎಲ್' ಅಲ್ಲಿ ಪ್ರತ್ಯಯವಲ್ಲ. ಮನಸ್ಸು ಅರ್ಥ ನೋಡುವ ಮೊದಲೇ ಕತ್ತರಿ ಹಾಕುತ್ತದೆ ಅನ್ನುವ ವಾದ. ಕನ್ನಡದಲ್ಲಿ ಇದಕ್ಕೆ 'ಹೋಳಿಗೆ', 'ಮಲ್ಲಿಗೆ', 'ಬಾಡಿಗೆ' ಹೇಳಿ ಮಾಡಿಸಿದಂತಿವೆ. ನನಗೆ 20 ಮಿಲಿಸೆಕೆಂಡಿನ ಹತ್ತಿರ ಲಾಭ ಸಿಕ್ಕಿತು. ಆದರೆ ಇದರ ಮೇಲೆ ಪಂದ್ಯ ಕಟ್ಟಲಾರೆ. 'ಹೋಳಿಗೆ' ಅಂದರೆ ಹೋಳಿ ಹಬ್ಬಕ್ಕೆ ಅಂತಲೂ ಆಗುತ್ತದಲ್ವಾ? ಚತುರ್ಥಿ ಯಾವ ನಾಮಪದಕ್ಕೂ ಅಂಟುತ್ತದೆ. ಹಾಗಾಗಿ ನಮ್ಮ ಸುಳ್ಳು ಪ್ರತ್ಯಯ ಪೂರ್ತಿ ಸುಳ್ಳಲ್ಲ. ಜೊತೆಗೆ ಅರ್ಧ ಜನ ಕೂತದ್ದು ಹೋಳಿ ಹುಣ್ಣಿಮೆಯ ಮರುವಾರ, ಕೆಲವರ ಕಿವಿಯ ಹಿಂದೆ ಇನ್ನೂ ಬಣ್ಣ ಇತ್ತು.

ನಡುವೆ ಮಕ್ಕಳ ಹತ್ತಿರವೂ ಹೋಗಿದ್ದೆ. ಅಮೆರಿಕದ ಸಂಶೋಧಕಿ ಜೀನ್ ಬರ್ಕೋ 1958ರಲ್ಲಿ 'ವಗ್' ಅನ್ನುವ ಇಲ್ಲದ ಪ್ರಾಣಿ ತೋರಿಸಿ ಬಹುವಚನ ಕೇಳಿದ್ದರು. ಅದನ್ನು ಹಾಗೇ ಇಲ್ಲಿ ತಂದರೆ ನಡೆಯುವುದಿಲ್ಲ. 'ಗುಬ' ಅನ್ನುವ ಇಲ್ಲದ ಪ್ರಾಣಿಯ ಎರಡು ಚಿತ್ರ ತೋರಿಸಿದರೆ ಮಗು 'ಎರಡು ಗುಬ' ಅನ್ನುತ್ತದೆ. ಸರಿಯೇ, ನಾವು 'ಎರಡು ಮರ' ಅಂತಲೇ ತಾನೆ ಅನ್ನುವುದು? ಸಪ್ತಮಿ ಕೇಳಬೇಕು. ಒಂದು ವಿಚಿತ್ರ ಡಬ್ಬಿಯ ಚಿತ್ರ ಬರೆದು 'ತೂಮ' ಅಂತ ಹೆಸರಿಟ್ಟೆ, ಒಳಗೆ ಬೆಕ್ಕು. ಬೆಕ್ಕು ಎಲ್ಲಿದೆ ಅಂದೆ. ಎರಡನೇ ಕ್ಲಾಸಿನ ಹುಡುಗಿ ತಟ್ಟನೆ "ತೂಮದಾಗ" ಅಂದಳು. ಹೆಸರನ್ನು 'ತೀಮಿ' ಅಂತ ಬದಲಿಸಿದರೆ "ತೀಮ್ಯಾಗ". ಹುಟ್ಟಿದಾಗಿನಿಂದ ಕೇಳಿರದ ಪದ. ಒಂದಕ್ಕೆ ದಕಾರ ಸೇರಿಸಿದಳು, ಇನ್ನೊಂದಕ್ಕೆ ಯಕಾರ. ಆಮೇಲೆ "ಆ ಬೆಕ್ಕಿನ ಹೆಸರೇನ್ರಿ ಸರ?" ಅಂತ ಕೇಳಿದಳು. ಅದಕ್ಕೆ ನಾನು ಹೆಸರೇ ಇಟ್ಟಿರಲಿಲ್ಲ. ಈ ಪ್ರಯೋಗಕ್ಕೆ ಆದ ಖರ್ಚು ಸ್ಕೆಚ್ ಪೆನ್ ಮಾತ್ರ.

ಆ ಉಮೇದಿನಲ್ಲಿ ದೊಡ್ಡವರಿಗೆ 'ಮನ್ಯಾಗ' ಪ್ರೈಮ್ ಕೊಟ್ಟು 'ಮನೆ' ಕೇಳಿದೆ. ಪರದೆಯ ಮೇಲೆ ಏನೂ ಆಗಲಿಲ್ಲ. ಬಾಯಲ್ಲಿ ದಿನವಿಡೀ ಆಡುವ ರೂಪ, ಅಚ್ಚಿನಲ್ಲಿ ಕಣ್ಣಿಗೆ ಅಪರೂಪ. ಈಗ ಅದನ್ನೇ ರೆಕಾರ್ಡ್ ಮಾಡಿ ಹೆಡ್‌ಫೋನಿನಲ್ಲಿ ಕೇಳಿಸುತ್ತಿದ್ದೇನೆ. ಫ್ಯಾನ್ ಆಫ್ ಮಾಡಬೇಕಾಗುತ್ತದೆ, ಆದ್ದರಿಂದ ಬೆಳಗ್ಗೆ ಎಂಟರೊಳಗೆ ಬರುವವರು ಮಾತ್ರ ಸಿಗುತ್ತಾರೆ. ಪದಪಟ್ಟಿ ಬೇಕಾದವರಿಗೆ ಕೊಡುತ್ತೇನೆ. ಮಾಸ್ಕ್ ಚಿತ್ರವನ್ನೂ ಕೊಡುತ್ತೇನೆ, ಆದರೆ ನಿಮ್ಮ ಪರದೆಯ ಸ್ಲೋ ಮೋಷನ್ ವಿಡಿಯೋ ಮೊದಲು ಕಳಿಸಿ. ಚಾರ್ಜರ್ ಹಾಕಿ ಒಂದು, ಕಿತ್ತು ಒಂದು.