ಯುದ್ಧದಲ್ಲಿ ಕಾಲು ಕಳೆದುಕೊಂಡು ಡಾಕ್ಟರಾದವರು ದಿನವಿಡೀ ವಾರ್ಡಿನಲ್ಲಿ ನಿಲ್ಲುವುದು ಹೇಗೆ?

ಮಂಡಿಯ ಕೆಳಗೆ ಕೃತಕ ಕಾಲು ಹಾಕಿಕೊಂಡು ಡಾಕ್ಟರಿಕೆ ಮಾಡುವವರನ್ನು ನಡಿಗೆಗಿಂತ ಹೆಚ್ಚು ಕಾಡುವುದು ನಿಲ್ಲುವ ಕೆಲಸ.

ಬೆಳಗ್ಗೆ ಸರಿಯಾಗಿ ಕೂತ ಸಾಕೆಟ್ (ಕೃತಕ ಕಾಲಿನಲ್ಲಿ ಮೊಂಡುಗಾಲು ಕೂರುವ ಬಟ್ಟಲು) ಮಧ್ಯಾಹ್ನಕ್ಕೆ ಸಡಿಲವಾಗುತ್ತದೆ. ಒತ್ತಡಕ್ಕೆ ಮೊಂಡುಗಾಲಿನ ನೀರು ಇಳಿದು ಅದು ಸಣ್ಣಗಾಗುತ್ತದೆ. ಆಗ ಕಾಲು ಒಳಕ್ಕೆ ಜಾರಿ ಮೂಳೆಯ ತುದಿ ತಳಕ್ಕೆ ಒತ್ತುತ್ತದೆ. ಅದಕ್ಕೇ ಕೋಟಿನ ಜೇಬಿನಲ್ಲಿ ಮೊಂಡುಗಾಲಿಗೆ ಹಾಕುವ 1 ಮತ್ತು 3 ಪ್ಲೈ (ದಪ್ಪದ ಅಳತೆ) ಸಾಕ್ಸ್ ಇರಲಿ. ಒಂದೊಂದೇ ಪದರ ಸೇರಿಸಿ. ಸುಕ್ಕು ಒಂದೂ ಬೇಡ, ಸುಕ್ಕಿದ್ದಲ್ಲೇ ಬೊಬ್ಬೆ ಏಳುತ್ತದೆ. ಒಟ್ಟು 10–15 ಪ್ಲೈ ಆಯಿತೆಂದರೆ ಸಾಕೆಟ್ಟನ್ನೇ ಬದಲಿಸಬೇಕು.

ರಾತ್ರಿ ಕಾಲು ಬಿಚ್ಚಿ, ಕನ್ನಡಿ ಹಿಡಿದು ತುದಿ ನೋಡಿ. ಮಂಡಿಚಿಪ್ಪಿನ ಕೆಳಗಿನ ಕೆಂಪು 10 ನಿಮಿಷದಲ್ಲಿ ಮಾಯವಾದರೆ ಚಿಂತೆಯಿಲ್ಲ. ಹೊರಮಗ್ಗುಲಿನ ಮೂಳೆಯ ಉಬ್ಬಿನಲ್ಲೋ ತುದಿಯಲ್ಲೋ ಕೆಂಪು ಹಾಗೇ ಉಳಿದರೆ ಮರುದಿನ ಕೃತಕ ಕಾಲು ಹಾಕಲೇಬೇಡಿ, ಡ್ಯೂಟಿ ಎಷ್ಟೇ ಇರಲಿ. ಮೊಂಡುಗಾಲು ತೊಳೆಯುವುದೂ ರಾತ್ರಿಯೇ ಆಗಲಿ; ಬೆಳಗ್ಗೆ ತೊಳೆದರೆ ತೇವ ಉಳಿದ ಚರ್ಮ ಉಬ್ಬಿ, ಸಾಕೆಟ್ಟಿಗೆ ಉಜ್ಜಿ ತರಚುತ್ತದೆ. ಮಲಗುವಾಗ ಮಂಡಿಯಡಿ ದಿಂಬು ಇಡಬೇಡಿ, ಮಂಡಿ ಮಡಚಿದಂತೆಯೇ ಬಿಗಿದುಬಿಡುತ್ತದೆ.