ಅಣಕು ಜಾಹೀರಾತು ಬರೆಯುವಾಗ

ಕನ್ನಡ ವಾಹಿನಿಯೊಂದರ ಹಾಸ್ಯ ಕಾರ್ಯಕ್ರಮಕ್ಕೆ ನಾನು ಬರೆಯುವ ಅಣಕು ಜಾಹೀರಾತುಗಳಲ್ಲಿ ಮಿಮಿಕ್ರಿಗೆ ಕೊನೆಯ ಸ್ಥಾನ. ನಟನ ಕಂಠವನ್ನೋ ನಡಿಗೆಯನ್ನೋ ಅನುಕರಿಸಿದರೆ ಜನ ನಗುತ್ತಾರೆ, ನಿಜ. ಆದರೆ ಆ ನಗು ನಟನಲ್ಲೇ ನಿಂತುಬಿಡುತ್ತದೆ, ಅವನ ಮುಖ ತೋರಿಸಿ ಬೇಡದ ಸರಕನ್ನು ನಮ್ಮ ಮನೆಗೆ ದಾಟಿಸುವವರತ್ತ ಹೋಗುವುದೇ ಇಲ್ಲ.

ಆದ್ದರಿಂದ ನಾನು ಮೊದಲು ಹುಡುಕುವುದು ಯಾರೂ ದುಡ್ಡು ಕೊಟ್ಟು ಕೊಳ್ಳದ ವಸ್ತುವನ್ನು. ಅಡುಗೆಮನೆಯ ಬಾಗಿಲ ಹಿಂದೆ ಮೊಳೆಗೆ ನೇತುಹಾಕಿದ, ಹತ್ತಾರು ಕವರುಗಳನ್ನು ತುರುಕಿಟ್ಟ ಕವರೊಂದು ಬೆಂಗಳೂರಿನ ಮನೆಮನೆಯಲ್ಲೂ ಇದೆಯಲ್ಲ, ಅದನ್ನೇ ಒಮ್ಮೆ ಐಷಾರಾಮಿ ಸರಕಾಗಿಸಿದೆ. ಚಿಕ್ಕಪೇಟೆಯಿಂದ ಜರಿಯಂಚಿನ ಬಟ್ಟೆ ತಂದು ಚೀಲ ಹೊಲಿಸಿದೆವು. ಹೆಲಿಕಾಪ್ಟರಿನ ಸದ್ದು, ಫ್ಯಾನಿನ ಗಾಳಿ (ಬಜೆಟ್ಟಿಗೆ ಅಷ್ಟೇ ದಕ್ಕುವುದು), ಅದರ ನಡುವೆ ನಾಯಕ ಬಂದು, ‘ಕವರಿನೊಳಗೆ ಕವರು, ಇದೇ ನನ್ನ ಗೆಲುವಿನ ಗುಟ್ಟು’ ಎನ್ನುತ್ತಾನೆ. ಎಲ್ಲಿಯೂ ನಗಿಸಲು ಹೋಗಬೇಡಿ, ಮಾರಲೆಂದೇ ಬಂದವರಂತೆ ಹೇಳಿ ಎಂದು ನಟರಿಗೆ ತಿಳಿಸಿದ್ದೆ.

ಹಾಸ್ಯದ ತಿರುಳಿರುವುದು ತೆರೆಯ ಅಡಿಯ ಸಣ್ಣಕ್ಷರದಲ್ಲಿ. ಅಂಥ ಷರಾ ಎದ್ದು ಕಾಣಬೇಕು, ಜಾಹೀರಾತಿನ ಮುಖ್ಯ ಮಾತಿಗೆ ವಿರುದ್ಧವಾಗಿರಬಾರದು ಎನ್ನುತ್ತದೆ ಕೇಂದ್ರದ 2022ರ ಮಾರ್ಗಸೂಚಿ. ನಾನು ಎರಡನ್ನೂ ಬೇಕೆಂದೇ ಮುರಿಯುತ್ತೇನೆ. ‘ಕವರುಗಳನ್ನು ಪ್ರತ್ಯೇಕವಾಗಿ ಕೊಳ್ಳತಕ್ಕದ್ದು, ಗೆಲುವು ಚೀಲದೊಂದಿಗೆ ಬರುವುದಿಲ್ಲ’ ಎಂದು ಶುರುವಾಗುವ ವಾಯ್ಸ್ ಓವರ್ ಉಸಿರು ಬಿಡದೆ ಸಾಗುತ್ತಿರುವಾಗ, ಅದು ಮುಗಿಯುವವರೆಗೂ ನಾಯಕ ಚೀಲ ಹಿಡಿದು ಮುಗುಳ್ನಗುತ್ತಲೇ ಇರಬೇಕು. ಬರಬರುತ್ತಾ ನಟರ ಕೆನ್ನೆ ಅದುರತೊಡಗಿತು. ಎಡಿಟರ್ ಕತ್ತರಿಸಲು ಹೊರಟರು, ನಾನು ಬಿಡಲಿಲ್ಲ.

ಕಾನೂನಿನಿಂದಲೂ ಸಾಮಗ್ರಿ ಸಿಗುತ್ತದೆ. 2019ರ ಗ್ರಾಹಕ ಸಂರಕ್ಷಣಾ ಕಾಯ್ದೆಯಂತೆ, ದಾರಿ ತಪ್ಪಿಸುವ ಜಾಹೀರಾತಿನಲ್ಲಿ ಕಾಣಿಸಿಕೊಂಡ ತಾರೆಗೂ 10 ಲಕ್ಷ ರೂಪಾಯಿವರೆಗೆ ದಂಡ ಬೀಳಬಹುದು. ಆದರೆ ಹೇಳಿದ್ದನ್ನು ಮೊದಲೇ ತಕ್ಕಷ್ಟು ಪರಿಶೀಲಿಸಿದ್ದರೆ ದಂಡವಿಲ್ಲ. ಇದನ್ನೋದಿದ ಮೇಲೆ ನಾಯಕನ ಬೆನ್ನಿಗೊಬ್ಬ ವಕೀಲನನ್ನು ನಿಲ್ಲಿಸಿದೆ. ಇವನು ‘ಖಂಡಿತ’ ಎಂದಾಗಲೆಲ್ಲ ಅವನು ‘ಬಹುಶಃ’ ಎನ್ನುತ್ತಾನೆ.

2025ರಲ್ಲಿ ಮೈಸೂರ್ ಸ್ಯಾಂಡಲ್ ಸಾಬೂನಿಗೆ ತಮನ್ನಾ ಅವರನ್ನು 6.2 ಕೋಟಿ ರೂಪಾಯಿಗೆ ರಾಯಭಾರಿಯಾಗಿ ನೇಮಿಸಿದಾಗ ನನ್ನಿಂದ ಸ್ಕಿಟ್ ಕೇಳಿದರು. ಜಗಳವೆಲ್ಲ ನಟಿ ಎಲ್ಲಿಯವರು ಎಂಬುದರ ಸುತ್ತಲೇ ಇದ್ದುದರಿಂದ, ಏನು ಬರೆದರೂ ಅದು ಅವರನ್ನೇ ಗೇಲಿ ಮಾಡಿದಂತಾಗುತ್ತಿತ್ತು, ಬರೆಯಲಿಲ್ಲ.

ನನ್ನ ಸ್ಕಿಟ್ ಮುಗಿಯುತ್ತಿದ್ದಂತೆ, ನಡುವೆ ಏನೂ ಇಲ್ಲದೆ ನಿಜವಾದ ಜಾಹೀರಾತು ಶುರುವಾಗಲಿ ಎಂಬುದು ನನ್ನ ಬಹುದಿನದ ಬೇಡಿಕೆ. ವಾಹಿನಿಯ ಸೇಲ್ಸ್ ವಿಭಾಗ ಒಪ್ಪಿಲ್ಲ. ಅಣಕು ಜಾಹೀರಾತು ಬ್ರೇಕಿಗೆ ಅಂಟಿಕೊಳ್ಳದಂತೆ ಕಾರ್ಯಕ್ರಮದ ನಟ್ಟನಡುವೆಯೇ ಪ್ರಸಾರವಾಗುತ್ತದೆ.