ಕಂಪ್ಯೂಟರ್ ಕೊಟ್ಟ ಉತ್ತರದಲ್ಲಿ ತಪ್ಪು ಎಷ್ಟಿದೆ? ನ್ಯೂಮರಿಕಲ್ ಮೆಥಡ್ಸ್ ಕಲಿಯುವ ಬಗೆ

ಮೊದಲು ಒಂದು ಸೈಂಟಿಫಿಕ್ ಕ್ಯಾಲ್ಕುಲೇಟರ್ ತೆಗೆದುಕೊಳ್ಳಿ. ಮೊಬೈಲಿನಲ್ಲಿ ಇರುವುದೇ ಸಾಕು. ಕೋನದ ಅಳತೆಯನ್ನು ರೇಡಿಯನ್‌ಗೆ ಇಡಿ. 1 ಎಂದು ಒತ್ತಿ, ಆಮೇಲೆ 'ಕಾಸ್' ಗುಂಡಿ ಒತ್ತಿ. ಬಂದ ಉತ್ತರಕ್ಕೆ ಮತ್ತೆ ಕಾಸ್. ಮತ್ತೆ ಕಾಸ್. 0.5403, 0.8576, 0.6543 ಎಂದು ಸಂಖ್ಯೆ ತೂಗಾಡುತ್ತದೆ. ಸುಮಾರು ಮೂವತ್ತೈದು ಸಲ ಒತ್ತುವ ಹೊತ್ತಿಗೆ 0.739085ಕ್ಕೆ ಬಂದು ನಿಲ್ಲುತ್ತದೆ. ಆಮೇಲೆ ಎಷ್ಟು ಒತ್ತಿದರೂ ಈ ಅಂಕಿಗಳು ಅಲುಗಾಡುವುದಿಲ್ಲ.

ಇಷ್ಟರಲ್ಲಿ ನೀವು 'ಎಕ್ಸ್ = ಕಾಸ್ ಎಕ್ಸ್' ಎಂಬ ಸಮೀಕರಣ ಬಿಡಿಸಿದ್ದೀರಿ. ಶಾಲೆಯಲ್ಲಿ ಕಲಿತ ಬೀಜಗಣಿತದಿಂದ ಇದನ್ನು ಬಿಡಿಸಲು ಆಗುವುದಿಲ್ಲ. ಸೂತ್ರ ಕೈಕೊಟ್ಟ ಕಡೆ ಒಂದು ಅಂದಾಜಿನಿಂದ ಹೊರಟು, ಅದನ್ನೇ ತಿದ್ದುತ್ತಾ ತಿದ್ದುತ್ತಾ ಉತ್ತರದ ಹತ್ತಿರ ಹೋಗಬೇಕು. ನ್ಯೂಮರಿಕಲ್ ಮೆಥಡ್ಸ್ ಅಂದರೆ ಇದೇ. ಹವಾಮಾನದ ಮುನ್ಸೂಚನೆ, ಸೇತುವೆಯ ವಿನ್ಯಾಸ, ಉಪಗ್ರಹದ ಕಕ್ಷೆ, ಎಲ್ಲದರ ಕೆಳಗೂ ಇದೇ ಕೆಲಸ ನಡೆದಿರುತ್ತದೆ.

ಕ್ಯಾಲ್ಕುಲೇಟರ್ ಡಿಗ್ರಿಯಲ್ಲಿ ಇದ್ದಿದ್ದರೆ? ಆಗಲೂ ಸಂಖ್ಯೆ ನಿಲ್ಲುತ್ತಿತ್ತು, ಸುಮಾರು 0.99985ರಲ್ಲಿ. ಅದೂ ಅಷ್ಟೇ ಗಟ್ಟಿಯಾಗಿ ಕಾಣುತ್ತಿತ್ತು. ಆದರೆ ಅದು ಬೇರೆ ಪ್ರಶ್ನೆಯ ಉತ್ತರ. ಹಾಗಾಗಿ ಈ ವಿಷಯ ಕಲಿಯುವವರು ಮೊದಲ ದಿನದಿಂದಲೇ ಎರಡು ಪ್ರಶ್ನೆ ಕೇಳಬೇಕು: ಉತ್ತರ ಎಷ್ಟು? ಅದರಲ್ಲಿ ತಪ್ಪು ಎಷ್ಟು?

ಮೊದಲು ಬೇಕಾದದ್ದು

ಕ್ಯಾಲ್ಕುಲಸ್‌ನ ಪರಿಚಯ ಸ್ವಲ್ಪ ಇರಲಿ. ಪೈಥಾನ್‌ನಲ್ಲಿ ಒಂದು ಲೂಪ್ ಬರೆಯಲು ಬಂದರೆ ಸಾಕು. ಆಕ್ಟೇವ್, ಜೂಲಿಯಾ ಗೊತ್ತಿದ್ದರೂ ಆಯಿತು. ಭಾಷೆ ಯಾವುದು ಎಂದು ಯೋಚಿಸುತ್ತಾ ದಿನ ಕಳೆಯಬೇಡಿ.

ಹೆಜ್ಜೆ 1: ಒಂದೇ ಸಮೀಕರಣ, ಎರಡು ದಾರಿ

ಅದೇ ಸಮೀಕರಣವನ್ನು ಬೈಸೆಕ್ಷನ್ ವಿಧಾನದಲ್ಲಿ ಬಿಡಿಸಿ. ಎಕ್ಸ್ 0 ಇದ್ದಾಗ 'ಎಕ್ಸ್ ಮೈನಸ್ ಕಾಸ್ ಎಕ್ಸ್' ಬೆಲೆ ಮೈನಸ್ 1. ಅದೇ ಎಕ್ಸ್ 1 ಇದ್ದಾಗ ಪ್ಲಸ್ 0.46. ಅಂದರೆ ನಡುವೆ ಎಲ್ಲೋ ಅದು ಸೊನ್ನೆಯನ್ನು ದಾಟಿದೆ. ನಡುವಿನ 0.5 ನೋಡಿ. ಅಲ್ಲೂ ಮೈನಸ್. ಹಾಗಾದರೆ ಉತ್ತರ 0.5 ಮತ್ತು 1ರ ಮಧ್ಯೆ ಇದೆ. ಹೀಗೆ ಪ್ರತಿ ಸಲ ಜಾಗವನ್ನು ಅರ್ಧ ಮಾಡುತ್ತಾ ಹೋಗಿ. ಹತ್ತು ದಶಮಾಂಶ ಸ್ಥಾನದಷ್ಟು ನಿಖರತೆಗೆ 34 ಸುತ್ತು ಬೇಕು. ನಿಧಾನ, ನಿಜ. ಆದರೆ ಎಷ್ಟು ಸುತ್ತು ಬೇಕು ಎಂದು ಮೊದಲೇ ಹೇಳಬಹುದು. ದಾರಿ ತಪ್ಪುವ ಭಯ ಇಲ್ಲ.

ಈಗ ನ್ಯೂಟನ್ ವಿಧಾನ. ನಿಂತ ಜಾಗದಲ್ಲಿ ವಕ್ರರೇಖೆಗೆ ಸ್ಪರ್ಶಕ ಎಳೆದು, ಅದು ಅಕ್ಷವನ್ನು ಮುಟ್ಟುವ ಜಾಗಕ್ಕೆ ಹೋಗುವುದು. 1ರಿಂದ ಹೊರಟರೆ 0.75036, 0.73911, 0.7390851334, ನಾಲ್ಕನೇ ಸುತ್ತಿಗೆ 0.7390851332. ಮುಗಿಯಿತು! ಉತ್ತರದ ಹತ್ತಿರ ಬಂದ ಮೇಲೆ ಸರಿಯಾದ ಅಂಕಿಗಳ ಸಂಖ್ಯೆ ಪ್ರತಿ ಸುತ್ತಿಗೂ ಹೆಚ್ಚುಕಮ್ಮಿ ದುಪ್ಪಟ್ಟಾಗುತ್ತದೆ. ಇದನ್ನು ಪರದೆಯ ಮೇಲೆ ಮೊದಲ ಸಲ ನೋಡುವ ಖುಷಿಯೇ ಬೇರೆ. 2ರ ವರ್ಗಮೂಲಕ್ಕೂ ಇದೇ ವಿಧಾನ ಹಚ್ಚಿ ನೋಡಿ. 1ರಿಂದ ಹೊರಟರೆ ಮೂರನೇ ಸುತ್ತಿಗೆ 577/408 ಸಿಗುತ್ತದೆ. ನಮ್ಮ ಪ್ರಾಚೀನ ಜ್ಯಾಮಿತಿ ಗ್ರಂಥ ಬೌಧಾಯನ ಶುಲ್ಬಸೂತ್ರ ಕೊಡುವ ಬೆಲೆಯೂ ಸರಿಯಾಗಿ ಇದೇ.

ಇಷ್ಟಕ್ಕೆ ಬೈಸೆಕ್ಷನ್ ಮರೆಯಬೇಡಿ. ನಮ್ಮ ಸಮೀಕರಣಕ್ಕೇ ನ್ಯೂಟನ್ ವಿಧಾನವನ್ನು 4.7ರಿಂದ ಶುರು ಮಾಡಿ. ಅಲ್ಲಿ ಸ್ಪರ್ಶಕ ಹೆಚ್ಚುಕಮ್ಮಿ ಮಲಗಿಬಿಟ್ಟಿರುತ್ತದೆ. ಒಂದೇ ಹೆಜ್ಜೆಗೆ ಮೈನಸ್ 61,000ದ ಆಚೆ ಹೋಗಿ ಬೀಳುತ್ತೀರಿ. ಒಳ್ಳೆಯ ಪ್ರೋಗ್ರಾಮುಗಳು ಎರಡನ್ನೂ ಜೋಡಿಸುತ್ತವೆ. ಬೈಸೆಕ್ಷನ್ ಕಾವಲು ಕಾಯುತ್ತದೆ, ವೇಗದ ವಿಧಾನ ಓಡುತ್ತದೆ.

ಹೆಜ್ಜೆ 2: ಕಂಪ್ಯೂಟರಿನ ಸಂಖ್ಯೆಗಳನ್ನು ಅರಿಯಿರಿ

ಇಲ್ಲಿ ಆತುರ ಬೇಡ. ಪೈಥಾನ್‌ನಲ್ಲಿ 0.1 + 0.2 ಎಂದು ಕೊಡಿ. 0.30000000000000004 ಎಂದು ಬರುತ್ತದೆ. 1/3 ಅನ್ನು ದಶಮಾಂಶದಲ್ಲಿ ಪೂರ್ತಿ ಬರೆಯಲು ನಮಗೆ ಆಗುವುದಿಲ್ಲ, ಅಲ್ವಾ? ಹಾಗೆಯೇ 0.1 ಅನ್ನು ಬೈನರಿಯಲ್ಲಿ, ಅಂದರೆ ಬರೀ 0 ಮತ್ತು 1 ಅಂಕಿಗಳಲ್ಲಿ, ಪೂರ್ತಿ ಬರೆಯಲು ಕಂಪ್ಯೂಟರಿಗೆ ಆಗುವುದಿಲ್ಲ. ಸುಮಾರು 16 ಅಂಕಿ ಇಟ್ಟುಕೊಂಡು ಉಳಿದದ್ದನ್ನು ಬಿಡುತ್ತದೆ.

ಅಷ್ಟು ಸಣ್ಣದಕ್ಕೆ ಏನಾಗುತ್ತದೆ ಎನ್ನಬೇಡಿ. 1991ರ ಫೆಬ್ರುವರಿ 25ರಂದು ಸೌದಿ ಅರೇಬಿಯಾದ ಧಹ್ರಾನ್‌ನಲ್ಲಿ ಪೇಟ್ರಿಯಾಟ್ ರಕ್ಷಣಾ ವ್ಯವಸ್ಥೆ ಒಂದು ಸ್ಕಡ್ ಕ್ಷಿಪಣಿಯನ್ನು ತಡೆಯಲಿಲ್ಲ. 28 ಅಮೆರಿಕನ್ ಸೈನಿಕರು ಸತ್ತರು. ಪೇಟ್ರಿಯಾಟ್‌ನ ಗಡಿಯಾರ ಸೆಕೆಂಡಿನ ಹತ್ತನೇ ಒಂದು ಭಾಗವನ್ನು ಎಣಿಸುತ್ತಿತ್ತು. 0.1 ಅನ್ನು 24 ಬಿಟ್‌ಗೆ, ಅಂದರೆ 24 ಬೈನರಿ ಅಂಕಿಗೆ, ಕತ್ತರಿಸಿದ್ದರು. ಸುಮಾರು 100 ಗಂಟೆ ಬಿಡದೆ ಓಡಿದ ಮೇಲೆ ಆ ಚೂರು ಚೂರು ತಪ್ಪು ಸೇರಿ 0.34 ಸೆಕೆಂಡ್ ಆಗಿತ್ತು. ಅಷ್ಟು ಹೊತ್ತಿನಲ್ಲಿ ಸ್ಕಡ್ ಅರ್ಧ ಕಿಲೋಮೀಟರಿಗಿಂತ ಜಾಸ್ತಿ ಸಾಗುತ್ತದೆ.

ಇದನ್ನು ನೀವೇ ಒಂದು ಚಿಕ್ಕ ಪ್ರಯೋಗದಲ್ಲಿ ನೋಡಬಹುದು. ಸೈನ್ ಫಂಕ್ಷನ್‌ನ ಡಿರೈವೇಟಿವ್ 1ರಲ್ಲಿ ಎಷ್ಟು? ಕಾಸ್ 1, ಅಂದರೆ 0.5403023. ಇದನ್ನೇ ಲೆಕ್ಕದಿಂದ ಪಡೆಯಲು ಒಂದು ಚಿಕ್ಕ ಅಂತರ ಮುಂದೆ ಹೋಗಿ ಸೈನ್ ನೋಡಿ, ವ್ಯತ್ಯಾಸವನ್ನು ಆ ಅಂತರದಿಂದ ಭಾಗಿಸಿ. ಅಂತರ 0.1 ಇದ್ದರೆ 0.4974. 0.001 ಇದ್ದರೆ 0.5399. 0.00000001 ಇದ್ದರೆ ಎಂಟು ಸ್ಥಾನ ಸರಿ. ಇನ್ನೂ ಚಿಕ್ಕದು ಮಾಡಿದರೆ ಇನ್ನೂ ಒಳ್ಳೆಯದು ಎನಿಸುತ್ತದೆ. ಮಾಡಿ ನೋಡಿ. ಉತ್ತರ ಕೆಡುತ್ತಾ ಹೋಗುತ್ತದೆ. ಬಿಂದುವಿನ ನಂತರ 15 ಸೊನ್ನೆ ಇಟ್ಟು 1 ಬರೆದರೆ ಉತ್ತರ ಪೂರ್ತಿ ಸೊನ್ನೆ! ಅಷ್ಟು ಚಿಕ್ಕದನ್ನು 1ಕ್ಕೆ ಕೂಡಿಸಿದರೂ ಕಂಪ್ಯೂಟರಿಗೆ ಅದು 1 ಆಗಿಯೇ ಉಳಿಯುತ್ತದೆ. ವಿಧಾನದ ತಪ್ಪು ಇಳಿಯುವಾಗ ಸಂಖ್ಯೆ ಕತ್ತರಿಸಿದ ತಪ್ಪು ಏರುತ್ತದೆ. ಈ ಎಳೆದಾಟ ಮನಸ್ಸಿಗೆ ಇಳಿಯುವವರೆಗೂ ಮುಂದೆ ಹೋಗಬೇಡಿ ಎಂದೇ ಹೇಳುತ್ತೇನೆ.

ಹೆಜ್ಜೆ 3: ಗೊತ್ತಿರುವ ಉತ್ತರದ ಮೇಲೆ ಪರೀಕ್ಷೆ

ಡಿಫರೆನ್ಷಿಯಲ್ ಸಮೀಕರಣಕ್ಕೆ ಬಂದಾಗ ಉತ್ತರ ಗೊತ್ತಿರುವ ಒಂದನ್ನೇ ಆರಿಸಿ. ಬೆಳೆಯುವ ವೇಗ ತನ್ನ ಬೆಲೆಗೇ ಸಮ, ಶುರುವಿನಲ್ಲಿ ಬೆಲೆ 1. ಒಂದು ಸೆಕೆಂಡಿನ ನಂತರ ಬರಬೇಕಾದದ್ದು 2.71828. ಆಯ್ಲರ್ ವಿಧಾನ ಅಂದರೆ ಈಗಿನ ವೇಗದಲ್ಲೇ ಒಂದು ಚಿಕ್ಕ ಹೆಜ್ಜೆ ಮುಂದಿಟ್ಟು, ಅಲ್ಲಿ ವೇಗವನ್ನು ಮತ್ತೆ ಲೆಕ್ಕ ಹಾಕುವುದು. ಅದರಲ್ಲಿ 10 ಹೆಜ್ಜೆ ಇಟ್ಟರೆ 2.5937. 100 ಹೆಜ್ಜೆಗೆ 2.7048. ಕೆಲಸ ಹತ್ತು ಪಟ್ಟು, ತಪ್ಪು ಸುಮಾರು ಹತ್ತನೇ ಒಂದು ಪಾಲು. ಅದೇ ಹೆಜ್ಜೆಯ ನಡುವೆಯೂ ವೇಗ ನೋಡಿಕೊಳ್ಳುವ ರುಂಗೆ-ಕುಟ್ಟಾದ ನಾಲ್ಕನೇ ದರ್ಜೆಯ ವಿಧಾನ ಬರೀ 10 ಹೆಜ್ಜೆಗೆ 2.71828 ಕೊಡುತ್ತದೆ. ಹೆಜ್ಜೆಯ ಅಳತೆ ಅರ್ಧ ಮಾಡಿದಾಗ ತಪ್ಪು ಎಷ್ಟು ಇಳಿಯಿತು ಎಂದು ಪ್ರತಿ ಸಲ ಬರೆದಿಡಿ. ಇಳಿಯಬೇಕಾದಷ್ಟು ಇಳಿಯಲಿಲ್ಲ ಎಂದರೆ ಕೋಡ್‌ನಲ್ಲಿ ಎಲ್ಲೋ ಎಡವಟ್ಟಾಗಿದೆ.

ಇಂಟಿಗ್ರೇಷನ್‌ಗೆ ಟ್ರೆಪೆಜಾಯ್ಡಲ್, ಸಿಂಪ್ಸನ್ ವಿಧಾನ ಎರಡನ್ನೂ ಹೀಗೆಯೇ ಬರೆದು ಹೋಲಿಸಿ. ಒಂದು ಸಂಜೆಯ ಕೆಲಸ. ಏಕಕಾಲಿಕ ಸಮೀಕರಣಗಳಿಗೆ, ಒಂದೊಂದೇ ಚರಾಕ್ಷರವನ್ನು ತೆಗೆಯುತ್ತಾ ಹೋಗುವ ಗಾಸ್ ಎಲಿಮಿನೇಷನ್ ಅನ್ನು ಒಮ್ಮೆ ಕೈಯಾರೆ ಬರೆಯಿರಿ. ಸಾಲುಗಳನ್ನು ಅದಲು ಬದಲು ಮಾಡುವ ಪಿವೋಟಿಂಗ್ ಬಿಡಬೇಡಿ. ಅದನ್ನು ಬಿಟ್ಟು ತೀರಾ ಚಿಕ್ಕ ಸಂಖ್ಯೆಯಿಂದ ಭಾಗಿಸಿದರೆ ಎರಡೇ ಸಮೀಕರಣ ಇದ್ದರೂ ಉತ್ತರ ಹಾಳಾಗಬಹುದು. ಇದಾದ ಮೇಲೆ ಈ ವಿಧಾನಗಳನ್ನು ಸಿದ್ಧವಾಗಿ ಕೊಡುವ ಪೈಥಾನ್‌ನ ನಂಪೈ, ಸೈಪೈ ಲೈಬ್ರರಿಗಳನ್ನು ಧಾರಾಳವಾಗಿ ಬಳಸಿ. ನಿಜವಾದ ಕೆಲಸಕ್ಕೆ ಅವೇ ಸರಿ. ಒಳಗೆ ಏನು ನಡೆಯುತ್ತದೆ ಎಂದು ಆ ಹೊತ್ತಿಗೆ ನಿಮಗೆ ತಿಳಿದಿರುತ್ತದೆ.

ಹೆಜ್ಜೆ 4: ಒಂದು ಲೋಲಕ

ಘರ್ಷಣೆ ಇಲ್ಲದ ಲೋಲಕದ ತೂಗಾಟವನ್ನು ಆಯ್ಲರ್ ವಿಧಾನದಲ್ಲಿ ಬರೆದು ಗ್ರಾಫ್ ಹಾಕಿ. ತಳ್ಳುವವರು ಯಾರೂ ಇಲ್ಲದಿದ್ದರೂ ತೂಗಾಟ ಸುತ್ತು ಸುತ್ತಿಗೂ ಜಾಸ್ತಿಯಾಗುವುದು ಕಾಣುತ್ತದೆ. ಶಕ್ತಿಯನ್ನೂ ಪಕ್ಕದಲ್ಲೇ ಲೆಕ್ಕ ಹಾಕಿ, ಅದೂ ಏರುತ್ತಿರುತ್ತದೆ. ಈಗ ಕೋಡ್‌ನಲ್ಲಿ ಒಂದೇ ಸಾಲು ಬದಲಿಸಿ. ಮೊದಲು ವೇಗವನ್ನು ತಿದ್ದಿ, ಕೋನವನ್ನು ಮುಂದಕ್ಕೆ ಒಯ್ಯಲು ಹಳೆಯ ವೇಗದ ಬದಲು ಆ ಹೊಸ ವೇಗವನ್ನೇ ಬಳಸಿ. ಹೆಜ್ಜೆಯ ಅಳತೆ ಚಿಕ್ಕದಾಗಿದ್ದರೆ ಸಾವಿರ ಸುತ್ತು ಓಡಿಸಿದರೂ ಶಕ್ತಿ ಸ್ವಲ್ಪ ಮೇಲೆ ಕೆಳಗೆ ಆಡುತ್ತಾ ಇದ್ದಲ್ಲೇ ಇರುತ್ತದೆ. ಎರಡೂ ಗ್ರಾಫ್‌ಗಳನ್ನು ಒಂದರ ಮೇಲೊಂದು ಇಟ್ಟು ನೋಡಿ.